ಬೀಗ ಹಾಕಿದ ಖೋಲಿ, ಮೂವತ್ತು ದಿನದ ಗಡುವು

ಮಾನ್ಯ ಸಂಪಾದಕರೇ,

ಮುಂಬೈಯಲ್ಲಿ ಪಗಡಿ ಖೋಲಿ (ಮೊದಲೇ ದೊಡ್ಡ ಮೊತ್ತ ಕೊಟ್ಟು ಕಡಿಮೆ ಬಾಡಿಗೆಗೆ ಹಿಡಿದ ಕೋಣೆ) ಇಟ್ಟುಕೊಂಡು ಆಗಾಗ ಊರಿಗೆ ಹೋಗಿ ಬರುವ ನಮ್ಮವರು ಈಗಲೂ ಇದ್ದಾರೆ. ಅವರಿಗಾಗಿ ಈ ಪತ್ರ.

ಲಾಲ್‌ಬಾಗಿನ ಚಾಳಿನಲ್ಲಿ ನಮ್ಮದೊಂದು ಖೋಲಿ. ಅಪ್ಪ ಹೋಟೆಲಿನ ಗಲ್ಲಾದಲ್ಲಿ ಕೂತು ದುಡಿದ ಹಣದಲ್ಲಿ ಪಗಡಿ ಕೊಟ್ಟು ಹಿಡಿದದ್ದು. ಬಾಡಿಗೆ ತಿಂಗಳಿಗೆ 180 ರೂಪಾಯಿ. ಊರಲ್ಲಿ ಅಮ್ಮ ಹಾಸಿಗೆ ಹಿಡಿದಾಗ ನಾನೂ ನನ್ನ ಹೆಂಡತಿಯೂ ಬೀಗ ಹಾಕಿ ಕುಂದಾಪುರಕ್ಕೆ ಹೋದೆವು. ಹದಿನಾಲ್ಕು ತಿಂಗಳು ಅಲ್ಲೇ ಉಳಿದೆವು. ಬಾಡಿಗೆ ಮಾತ್ರ ಒಂದು ತಿಂಗಳೂ ತಪ್ಪಿಸಲಿಲ್ಲ. ಅಷ್ಟು ಸಾಕು ಅಂದುಕೊಂಡಿದ್ದೆ.

ಸಾಲುವುದಿಲ್ಲ. ದಾವೆ ಹಾಕುವ ಹಿಂದಿನ ಆರು ತಿಂಗಳು ಸತತವಾಗಿ, ಸರಿಯಾದ ಕಾರಣವಿಲ್ಲದೆ ಜಾಗ ಬಳಸದೆ ಬಿಟ್ಟರೆ ಮಾಲೀಕರು ಖಾಲಿ ಮಾಡಿಸಬಹುದು. 1999ರ ಮಹಾರಾಷ್ಟ್ರ ಬಾಡಿಗೆ ನಿಯಂತ್ರಣ ಕಾಯ್ದೆಯ 16ನೇ ಕಲಮಿನಲ್ಲಿ ಹಾಗಿದೆ. ನಮ್ಮ ಮಾಲೀಕರು ಹಾಗೆಯೇ ದಾವೆ ಹಾಕಿದರು. ಕೋರ್ಟಿನಲ್ಲಿ ತೋರಿಸಿದ್ದು ನಮ್ಮದೇ ಲೈಟ್ ಬಿಲ್ಲು. ಯೂನಿಟ್ ಕಾಲಂನಲ್ಲಿ ಸೊನ್ನೆ, ಸೊನ್ನೆ, ಸೊನ್ನೆ. ಒಂದು ತಿಂಗಳು ಮಾತ್ರ 2. ಗಣಪತಿ ಹಬ್ಬಕ್ಕೆ ತಮ್ಮನ ಮಗ ಬಂದು ಒಂದು ರಾತ್ರಿ ಮಲಗಿದ್ದ.

ನಮ್ಮ ಬಳಿ ‘ಸರಿಯಾದ ಕಾರಣ’ ಇತ್ತು. ಆದರೆ ಅಮ್ಮನ ಆಸ್ಪತ್ರೆ ಚೀಟಿಗಳು ಊರಿನ ಮನೆಯ ಟ್ರಂಕಿನಲ್ಲಿದ್ದವು. ವಕೀಲರು ಕೇಳಲಿಲ್ಲ, ನನಗೂ ಹೊಳೆಯಲಿಲ್ಲ. ಖೋಲಿ ಖಾಲಿ ಮಾಡಬೇಕೆಂದು ಡಿಕ್ರಿ (ಕೋರ್ಟಿನ ಆದೇಶ) ಆಯಿತು.

ಮುಂಬೈಯ ಬಾಡಿಗೆ ದಾವೆಗಳು ನಡೆಯುವ ಧೋಬಿತಲಾವಿನ ಸ್ಮಾಲ್ ಕಾಸಸ್ ಕೋರ್ಟಿನ ತೀರ್ಪಿನ ಮೇಲೆ ಅದೇ ಕೋರ್ಟಿನ ಇಬ್ಬರು ನ್ಯಾಯಾಧೀಶರ ಪೀಠಕ್ಕೆ ಅಪೀಲು ಹೋಗಬೇಕು. ಪುಣೆ, ಠಾಣೆಯವರಿಗೆ ಜಿಲ್ಲಾ ಕೋರ್ಟು. ಗಡುವು 30 ದಿನ. ತೀರ್ಪಿನ ಸರ್ಟಿಫೈಡ್ ಕಾಪಿ ಸಿಗಲು ಹಿಡಿಯುವ ದಿನಗಳನ್ನು ಇದರಲ್ಲಿ ಲೆಕ್ಕ ಹಿಡಿಯುವುದಿಲ್ಲ. ಆದರೆ ಆ ರಿಯಾಯಿತಿ ಶುರುವಾಗುವುದು ನೀವು ಕಾಪಿಗೆ ಅರ್ಜಿ ಹಾಕಿದ ಮೇಲೆ. ನಾನು ಬೇಜಾರಿನಲ್ಲಿ ಎಂಟು ದಿನ ಸುಮ್ನೆ ಮನೆಯಲ್ಲಿ ಕೂತೆ. ಆ ಎಂಟು ದಿನ ಹೋದದ್ದೇ.

‘ಅಪೀಲು ಹಾಕಿದ ಮೇಲೆ ಯಾರೂ ಮುಟ್ಟಲ್ಲ ಬಿಡಿ’ ಎಂದು ಚಾಳಿನವರೆಲ್ಲ ಧೈರ್ಯ ಹೇಳಿದರು. ಅದನ್ನು ನಂಬಬೇಡಿ. ಸ್ಟೇ (ಡಿಕ್ರಿ ಜಾರಿಗೆ ತಡೆ) ಬೇರೆಯಾಗಿ ಕೇಳಬೇಕು. ಸಿಗದಿದ್ದರೆ ಅಪೀಲು ನಡೆಯುತ್ತಿರುವಾಗಲೇ ಖಾಲಿ ಮಾಡಿಸಲು ಕೋರ್ಟಿನ ಬೇಲಿಫ್ ಬಾಗಿಲು ತಟ್ಟಬಹುದು. ಸ್ಟೇ ಬಿಟ್ಟಿಯೂ ಸಿಗುವುದಿಲ್ಲ. ಡಿಕ್ರಿ ಆದ ಮೇಲೆ ಹಳೇ ಬಾಡಿಗೆಯಲ್ಲೇ ಕೂರುವ ಹಕ್ಕಿಲ್ಲ, ಸ್ಟೇ ಕೊಡುವಾಗ ಮಾರುಕಟ್ಟೆ ದರ ನೋಡಿ ಹಣ ಕಟ್ಟಿಸಬಹುದು ಎಂದು ಸುಪ್ರೀಂ ಕೋರ್ಟು 2004ರಲ್ಲಿ ಆತ್ಮಾರಾಮ್ ಪ್ರಾಪರ್ಟೀಸ್ ಪ್ರಕರಣದಲ್ಲಿ ಹೇಳಿದೆ. 180 ರೂಪಾಯಿ ಕೊಡುತ್ತಿದ್ದ ನಾನು ಈಗ ತಿಂಗಳಿಗೆ 7,000 ಕಟ್ಟುತ್ತಿದ್ದೇನೆ. ಮೊದಲು ಮೈಯೆಲ್ಲ ಉರಿಯಿತು. ಆದರೆ 180 ರೂಪಾಯಿಯಲ್ಲಿ ಮಾಲೀಕರಿಗೆ ಮೆಟ್ಟಿಲಿಗೆ ಸುಣ್ಣ ಬಳಿಸಲೂ ಆಗದು, ಅದೂ ನಿಜ ಅಲ್ವಾ?

ಅಮ್ಮನ ಚೀಟಿಗಳನ್ನು ಈಗ ಅಪೀಲಿನಲ್ಲಿ ಕೊಟ್ಟಿದ್ದೇವೆ. ಕೆಳಗೆ ಕೊಡದ ಕಾಗದವನ್ನು ಮೇಲಿನವರು ಸುಲಭಕ್ಕೆ ತೆಗೆದುಕೊಳ್ಳುವುದಿಲ್ಲ. ಆಗಲೇ ಯಾಕೆ ತರಲಿಲ್ಲ ಎಂದು ಕೇಳುತ್ತಾರೆ. ನನ್ನ ಬಳಿ ಒಳ್ಳೆಯ ಉತ್ತರವಿಲ್ಲ. ಇಲ್ಲಿ ಸೋತರೆ ಇನ್ನೊಂದು ಅಪೀಲು ಇಲ್ಲ. ಹೈಕೋರ್ಟಿನಲ್ಲಿ ರಿವಿಷನ್ (ತೀರ್ಪಿನ ಮರುಪರಿಶೀಲನೆ) ಕೇಳಬಹುದು, ಆದರೆ ಅಲ್ಲಿ ಸಾಕ್ಷಿಯನ್ನೆಲ್ಲ ಮೊದಲಿಂದ ತೂಗಿ ನೋಡುವುದಿಲ್ಲ. (ಹನ್ನೊಂದು ತಿಂಗಳ ಲೀವ್ ಆಂಡ್ ಲೈಸೆನ್ಸ್ ಕರಾರಿನಲ್ಲಿ ಇರುವವರ ದಾರಿಯೇ ಬೇರೆ. ಇದು ಅವರಿಗಲ್ಲ.)

ಖೋಲಿ ಹೆಂಗಸರ ಹೆಸರಿನಲ್ಲಿದ್ದರೆ ಒಂದು ಅನುಕೂಲವಿದೆ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಲ್ಲಿ ಮಹಿಳೆಯರಿಗೆ ಆದಾಯ ನೋಡದೆ ಉಚಿತ ವಕೀಲರನ್ನು ಕೊಡುತ್ತಾರೆ. ನಮ್ಮ ಚಾಳಿನಲ್ಲಿ ಇದು ಒಬ್ಬರಿಗೂ ಗೊತ್ತಿರಲಿಲ್ಲ.

ಮುಂಬೈಯ ಕನ್ನಡ ಸಂಘಗಳಿಗೆ ಒಂದು ಮಾತು. ಕೋರ್ಟಿನ ಕಾಗದ ಬರುವುದು ಇಂಗ್ಲಿಷಿನಲ್ಲಿ ಇಲ್ಲವೇ ಮರಾಠಿಯಲ್ಲಿ. ನಮ್ಮ ಹಿರಿಯರು ಅದನ್ನು ಮಡಚಿ ದೇವರ ಫೋಟೋ ಹಿಂದೆ ಇಡುತ್ತಾರೆ. ಯಕ್ಷಗಾನಕ್ಕೆ, ಸನ್ಮಾನಕ್ಕೆ ನಿಮ್ಮ ಹಾಲ್ ಸಿಗುತ್ತದೆ. ತಿಂಗಳಿಗೊಂದು ಭಾನುವಾರ ಒಬ್ಬ ಕನ್ನಡ ಬಲ್ಲ ವಕೀಲರಿಗೆ ಅಲ್ಲೇ ಒಂದು ಮೇಜು, ಎರಡು ಕುರ್ಚಿ ಹಾಕಿಕೊಡಿ.

ಇತಿ,
ಒಬ್ಬ ಓದುಗ
ಲಾಲ್‌ಬಾಗ್, ಮುಂಬೈ