ಸಂಕದ ದಾರಿಗೂ ನಕಾಶೆಯಲ್ಲಿ ಗೆರೆ ಬರಲಿ

ಮಾನ್ಯ ಸಂಪಾದಕರೇ,

ಜಮೀನಿನ ಮರುಸರ್ವೆಗೆ ಡ್ರೋನ್ ಬರುತ್ತಿದೆ. ಬರಲಿ, ಸಂತೋಷ. ಆದರೆ ಅಡಿಕೆ ಸೋಗೆಯ ಅಡಿಯಲ್ಲಿರುವ ಕಾಲುದಾರಿ ಅದಕ್ಕೆ ಕಾಣುತ್ತಾ?

ಹೊಸನಗರ ತಾಲ್ಲೂಕಿನಲ್ಲಿ ನಮ್ಮದು ಒಂಟಿಮನೆ. ಟಾರು ರಸ್ತೆಯಿಂದ ಇಳಿದು, ಪಕ್ಕದ ತೋಟದ ಅಂಚಿನಲ್ಲಿ ನಡೆದು, ಹಳ್ಳದ ಸಂಕ ದಾಟಿದರೆ ಅಂಗಳ. ಸಂಕ ಅಂದರೆ ಅಡಿಕೆ ಮರ ಸೀಳಿ ಹಾಕಿದ ಕಾಲುಸೇತುವೆ, ಹಿಡಿಯೋಕೆ ಒಂದು ಬಿದಿರು. ನಮ್ಮ ಅತ್ತೆ ಮದುವೆಯಾಗಿ ಬಂದದ್ದು ಈ ದಾರಿಯಲ್ಲೇ, ಮಾವನ ಹೆಣ ಹೋದದ್ದೂ ಇದರಲ್ಲೇ.

ಈಚೆಗೆ ಆ ತೋಟ ಕೈ ಬದಲಾಯಿತು. ಹೊಸಬರು ತಂತಿಬೇಲಿ ಎಳೆದರು. ಕಚೇರಿಗೆ ಹೋದರೆ ಗ್ರಾಮನಕಾಶೆ ಬಿಡಿಸಿ, 'ಇದು ನಕಾಶೆ ಕಂಡ ದಾರಿ ಅಲ್ಲವಲ್ಲಮ್ಮ' ಅಂದರು. ನಿಜ. ಅದರಲ್ಲಿ ಹಳ್ಳ ಇದೆ, ಗುಡ್ಡದ ಆಚೆಯ ಬಂಡಿದಾರಿಗೆ ಚುಕ್ಕೆಗೆರೆಯೂ ಇದೆ. ಆ ಬಂಡಿದಾರಿಯಲ್ಲಿ ಈಗ ಲಂಟಾನ ಬಿಟ್ಟರೆ ಏನೂ ಓಡಾಡುವುದಿಲ್ಲ! 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಕಂಪನಿಯವರು ಕಾಲಿನ್ ಮೆಕೆಂಜಿಯಿಂದ ಮೈಸೂರು ಸೀಮೆ ಅಳೆಸಿದ್ದು ಗಡಿ, ರಸ್ತೆ, ಕೋಟೆ ತಿಳಿಯೋಕೆ. ಆಮೇಲಿನವರು ಅಳೆದದ್ದು ಕಂದಾಯಕ್ಕೆ. ತಲೆಹೊರೆ ಹೊತ್ತು ನಡೆಯುವವರ ದಾರಿ ಯಾರಿಗೆ ಬೇಕಿತ್ತು?

ಇಪ್ಪತ್ತು ವರ್ಷ ತಡೆಯಿಲ್ಲದೆ ನಡೆದ ದಾರಿಗೆ ಹಕ್ಕು ಬರುತ್ತದೆ ಅಂತ 1882ರ ಈಸ್‌ಮೆಂಟ್ ಕಾಯ್ದೆಯಲ್ಲಿದೆ. ಆದರೆ ಅದಕ್ಕೆ ಕೋರ್ಟು, ವಕೀಲರು, ವಾಯಿದೆ. ಪಕ್ಕದವರ ಮೇಲೆ ಕೇಸು ಹಾಕಿಕೊಂಡು ಮಲೆನಾಡಲ್ಲಿ ಬದುಕೋದು ಹೇಗೆ? ಮಳೆಗಾಲದ ರಾತ್ರಿ ಕಷ್ಟ ಬಂದರೆ ಕೂಗಬೇಕಾದ್ದು ಅವರನ್ನೇ ಅಲ್ವಾ.

ಫೋನಿನ ಮ್ಯಾಪಂತೂ ಕೇಳಲೇಬೇಡಿ. ಪಾರ್ಸೆಲ್ ಹುಡುಗನನ್ನು ಹಳ್ಳದ ಆಚೆ ದಂಡೆಗೆ ತಂದು 'ತಲುಪಿದ್ದೀರಿ' ಅನ್ನುತ್ತದೆ. ಅಲ್ಲಿಂದ ನಮ್ಮ ಬಚ್ಚಲೊಲೆ ಹೊಗೆ ಕಾಣುತ್ತದೆ, ನಡುವೆ ಕೆಂಪು ನೀರು. ಶರಾವತಿ ಹಿನ್ನೀರಿನ ಆಚೆಯ ತುಮರಿ ಕಡೆಯವರನ್ನು ಕೇಳಿ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಆದ ಮೇಲೆ, 2025ರ ಜುಲೈನಲ್ಲಿ ಸೇತುವೆ ತೆರೆಯುವವರೆಗೂ, ಮ್ಯಾಪಿನಲ್ಲಿ ಬೆರಳಗಲ ಇದ್ದ ಹಿನ್ನೀರಿಗೆ ಅವರು ಲಾಂಚು ಕಾಯುತ್ತಾ ಕೂತಿದ್ದರು.

ಸರ್ವೆಯವರು ಊರಿನ ಹಳಬರ ಜೊತೆ ಒಮ್ಮೆ ನಡೆಯಲಿ, ಆದರೆ ಆಷಾಢದಲ್ಲೇ. ಬೇಸಿಗೆಯಲ್ಲಿ ಬಂದರೆ ಹಳ್ಳವೇ ದಾರಿಯಂತೆ ಕಾಣುತ್ತದೆ. ಕಾಲುದಾರಿ, ಸಂಕ ಎಲ್ಲ ಗುರುತು ಹಾಕಿ, ಗ್ರಾಮಸಭೆಯಲ್ಲಿ ಓದಿ, ತಕರಾರು ಕೇಳಿ, ಆಮೇಲೆ ಗೆರೆ ಎಳೆಯಲಿ. ತೋಟದವರ ಜಮೀನು ನಮಗೆ ಬೇಡ. ತಲೆಹೊರೆ ಹೊತ್ತವರು ನಡೆಯುವಷ್ಟು, ಮೂರಡಿ ಸಾಕು.

– ಒಬ್ಬ ಕೃಷಿಕ ಮಹಿಳೆ, ಹೊಸನಗರ ತಾಲ್ಲೂಕು