ಹೆಪ್ಪು ಹಾಕಿದವರಿಗೆ

ಮುಂಬೈ ಬಳಿಯ ಡೊಂಬಿವಲಿಯ ನಮ್ಮ ಮನೆಯ ಅಡುಗೆಕೋಣೆಯಲ್ಲಿ ಓಡುತ್ತಿರುವ, 'ಅನ್ರಿಯಲ್ ಟೂರ್ನಮೆಂಟ್' ಎಂಬ ಗುಂಡಿನ ಕಾಳಗದ ಕಂಪ್ಯೂಟರ್ ಆಟಕ್ಕೆ ಇಂಟರ್ನೆಟ್‌ನಲ್ಲಿ ಆಟಗಾರರು ಬಂದು ಸೇರುವ ಸರ್ವರ್‌ಗೆ ಈ ವಾರ ಎರಡು ವರ್ಷ ತುಂಬಿತು. ಅಡುಗೆಕೋಣೆಯೇ ಏಕೆಂದರೆ ಇನ್ವರ್ಟರ್ ಸಂಪರ್ಕವಿರುವ ಪ್ಲಗ್ ಮನೆಯಲ್ಲಿ ಅದೊಂದೇ. ದೋಸೆ ಹಿಟ್ಟಿನ ಗ್ರೈಂಡರನ್ನು ಅಲ್ಲಿಂದ ಎಬ್ಬಿಸಿ, ನನ್ನ ಹಳೆಯ ಲ್ಯಾಪ್‌ಟಾಪ್‌ಗೆ ಜಾಗ ಬಿಟ್ಟುಕೊಟ್ಟ ಅಮ್ಮನಿಗೆ ಮೊದಲ ನಮಸ್ಕಾರ.

ಇದು 1999ರ ಆಟ. ಕಾಲೇಜು ದಿನಗಳಲ್ಲಿ ಸ್ಟೇಷನ್ ಬಳಿಯ ಸೈಬರ್ ಕೆಫೆಯಲ್ಲಿ ಲೋಕಲ್ ಪಾಸಿಗಿಂತ ಹೆಚ್ಚು ಹಣವನ್ನು ಇದಕ್ಕೆ ಸುರಿದಿದ್ದೇನೆ. 2022ರ ಡಿಸೆಂಬರ್‌ನಲ್ಲಿ ಆಟದ ಒಡೆತನದ ಎಪಿಕ್ ಕಂಪನಿ ಇದರ ಮಾರಾಟ ನಿಲ್ಲಿಸಿತು, 2023ರ ಜನವರಿ 24ರಂದು ಆನ್‌ಲೈನ್ ಸೇವೆಯನ್ನೂ ಮುಚ್ಚಿತು. ಯಾವ ಸರ್ವರ್ ಎಲ್ಲಿದೆ ಎಂದು ಆಟಗಾರನಿಗೆ ತಿಳಿಸುವ ಮಾಸ್ಟರ್ ಸರ್ವರ್ ಹೋಯಿತು. ಮನೆಗಳೆಲ್ಲ ಇದ್ದಲ್ಲೇ ಇವೆ, ವಿಳಾಸ ಹೇಳುವವರಿಲ್ಲ. ಆ ವಿಳಾಸಗಳ ಪಟ್ಟಿಯನ್ನು ತಮ್ಮದೇ ಯಂತ್ರಗಳಲ್ಲಿ ಉಳಿಸಿಕೊಂಡಿರುವ ಅಭಿಮಾನಿಗಳಿಗೂ, ಈ ಮುದಿ ಆಟವನ್ನು ಇಂದಿನ ಕಂಪ್ಯೂಟರ್‌ಗಳಲ್ಲಿ ಓಡುವಂತೆ 469 ಎಂಬ ಪ್ಯಾಚ್ (ಆಟದ ತಿದ್ದುಪಡಿ) ಬರೆದ 'ಓಲ್ಡ್‌ಅನ್ರಿಯಲ್' ಸ್ವಯಂಸೇವಕರಿಗೂ ನಾವೆಲ್ಲರೂ ಋಣಿಗಳು.

ಮೊದಲ ತಿಂಗಳು ಹೊರಗಿನವರಾರೂ ನಮ್ಮ ಸರ್ವರ್ ಒಳಗೆ ಬರಲಾಗಲಿಲ್ಲ. ಇಂಟರ್ನೆಟ್ ಕೊಡುವವರು ಹತ್ತಾರು ಮನೆಗಳಿಗೆ ಒಂದೇ ಸಾರ್ವಜನಿಕ ವಿಳಾಸ ಹಂಚಿರುತ್ತಾರೆ, ಹೊರಗಿನಿಂದ ಬಾಗಿಲು ತಟ್ಟಿದರೆ ಯಾರ ಮನೆಗೆ ಕೇಳಿಸಬೇಕು? ಹೆಚ್ಚುವರಿ ಹಣ ಕಟ್ಟಿ ಸ್ಥಿರ ವಿಳಾಸ ಪಡೆಯಬೇಕೆಂದು ತಿಳಿಸಿ, ಆಟ ಒಳಬರುವ ಬಾಗಿಲಾದ ಪೋರ್ಟ್ 7777 ತೆರೆದುಕೊಟ್ಟವನು ಠಾಣೆ ನಗರದ ಚಿಕ್ಕಪ್ಪನ ಮಗ. ಪ್ರತಿಫಲವಾಗಿ ಮಾಟುಂಗಾದಲ್ಲಿ ಎರಡು ಬಾರಿ ಇಡ್ಲಿ ತಿಂದ, ಮೂರನೆಯದು ಬಾಕಿ ಇದೆ ಎನ್ನುತ್ತಾನೆ.

ಆದರೆ ನಿಜವಾದ ಕಷ್ಟ ಶುರುವಾದದ್ದು ಆಮೇಲೆ. ಪಟ್ಟಿಯಲ್ಲಿ ನಮ್ಮ ಹೆಸರು ಬಂತು, ಪಕ್ಕದಲ್ಲಿ ಆಟಗಾರರ ಸಂಖ್ಯೆ ಸೊನ್ನೆ. ಸೊನ್ನೆ ಕಂಡವರು ಒಳಗೆ ಬರುವುದಿಲ್ಲ, ಯಾರೂ ಬರದಿದ್ದರೆ ಸೊನ್ನೆ ಅಳಿಯುವುದಿಲ್ಲ. ಎಷ್ಟು ಹಾಲಿದ್ದರೇನು, ಹೆಪ್ಪಿಲ್ಲದೆ ಮೊಸರಾಗುತ್ತದೆಯೇ? ಆ ಹೆಪ್ಪು ಹಾಕಿದವರು ಮೀರಾ ರೋಡಿನ ಅಕ್ಕ. ಮೂಲ ಕುಂದಾಪುರ, ಕೆಲಸ ಆಸ್ಪತ್ರೆಯಲ್ಲಿ ನರ್ಸ್. ಪಾಳಿಯಿಲ್ಲದ ಪ್ರತಿ ಶುಕ್ರವಾರ ರಾತ್ರಿ ಹತ್ತಕ್ಕೆ 'ಫೇಸಿಂಗ್ ವರ್ಲ್ಡ್ಸ್' ಅಂಗಳದ ಕೆಂಪು ಗೋಪುರದಲ್ಲಿ ಕುಳಿತು, ಎದುರು ಗೋಪುರದ ಬಾಟ್‌ಗಳನ್ನು (ಕಂಪ್ಯೂಟರೇ ಆಡಿಸುವ ಎದುರಾಳಿಗಳನ್ನು) ಒಂಟಿಯಾಗಿ ಹೊಡೆದುರುಳಿಸುತ್ತಿದ್ದರು. ಪಟ್ಟಿಯಲ್ಲಿ ಒಂದು ಕಂಡು ಪುಣೆಯ ಇಬ್ಬರು ಬಂದರು, ಮೂರು ಕಂಡು ವಾಸ್ಕೋದ ಹುಡುಗರು ಬಂದರು. ಕಳೆದ ಶುಕ್ರವಾರ ಹದಿನಾಲ್ಕು ಜನ! ಮರೆಯೇ ಇಲ್ಲದ ನಡುದಾರಿಯಲ್ಲಿ ಎದುರಾಳಿಗಳ ಬಾವುಟ ಕದ್ದು ಹೊತ್ತು ಓಡುತ್ತಿದ್ದ ನನ್ನನ್ನು ಅಕ್ಕನೇ ಆರು ಸಲ ಉರುಳಿಸಿದರು. ಅದಕ್ಕೂ ಧನ್ಯವಾದ ಹೇಳಬೇಕೇ ಎಂದು ಇನ್ನೂ ಯೋಚಿಸುತ್ತಿದ್ದೇನೆ.

ಅಕ್ಕ, ಈ ತಿಂಗಳಿಡೀ ನಿಮಗೆ ರಾತ್ರಿಪಾಳಿ ಎಂದು ಗೊತ್ತು. ಶುಕ್ರವಾರ ಹತ್ತಕ್ಕೆ ಕೆಂಪು ಗೋಪುರದಲ್ಲಿ ನಾನು ಕುಳಿತಿರುತ್ತೇನೆ.