ಅಟ್ಟದ ಮೇಲೆ ನಿಂತವರಿಗೆ, ಎದುರಿಗೆ ಕೂತವರಿಗೆ

ಹೋದ ಭಾನುವಾರ ಹುಬ್ಬಳ್ಳಿಯ ಸವಾಯಿ ಗಂಧರ್ವ ಸಭಾಭವನದಲ್ಲಿ ನಮ್ಮ ಸೂತ್ರದ ಗೊಂಬೆಯಾಟದ ತಂಡಕ್ಕೆ 25 ವರ್ಷ ತುಂಬಿತು. ಆಟ ಮುಗಿದ ಮೇಲೆ ಹಾರ, ಶಾಲು ಎಲ್ಲಾ ನನ್ನ ಕೊರಳಿಗೇ ಬಿದ್ದವು. ನಿರ್ದೇಶಕಿ ಅಂತ ಹೆಸರು ನನ್ನದು, ಗೊಂಬೆ ನಡೆಸಿದವರು ಬೇರೆ. ಅವರ ಋಣ ವೇದಿಕೆ ಮೇಲಿನ ಎರಡು ಮಾತಿಗೆ ತೀರುವಂಥದ್ದಲ್ಲ.

ಮೊದಲು ಬೆಟಗೇರಿಯ ನಮ್ಮ ಬಡಿಗೇರ ಅಜ್ಜನಿಗೆ. ಮೊದಲ ಗೊಂಬೆ ಕಟ್ಟಿದ ದಿನ ಅದನ್ನು ಆಡಿಸಿ ನೋಡಿ, "ಯವ್ವಾ, ಇದು ನಡ್ಯಾಕತ್ತಿಲ್ಲ, ತೇಲಾಕತ್ತೈತಿ" ಅಂದರು. ಪಾದ ಕೊರೆದು ಸೀಸ ತುಂಬಿದರು. ಮೊಣಕಾಲಿನ ಕೀಲು ಹಿಂದಕ್ಕಷ್ಟೇ ಮಡಚುವಂತೆ ತಿದ್ದಿದರು. ಹೆಜ್ಜೆ ನೆಲಕ್ಕೆ ಬಿದ್ದ ಸಪ್ಪಳ ಕೇಳಿದ ಮೇಲೇ ಅದಕ್ಕೆ ಜೀವ ಬಂತು. ಅಜ್ಜ ಈಗಿಲ್ಲ, ಅವರು ಕೆತ್ತಿದ ಕಾಲುಗಳ ಮೇಲೆ ನಮ್ಮ ಆಟ ನಿಂತಿದೆ.

ದಾಜಿಬಾನಪೇಟೆಯ ಬಟ್ಟೆ ಅಂಗಡಿಯ ಕಾಕಾ ಗುಳೇದಗುಡ್ಡ ಖಣದ ತುಂಡುಗಳನ್ನು ರೊಕ್ಕ ಮುಟ್ಟದೆ ಕೊಡುತ್ತ ಬಂದರು. ಖಣದ ನೇಯ್ಗೆಯ ಚಿತ್ತಾರ ಸಣ್ಣದು, ಗೊಂಬೆಯ ಮೈಗೆ ಅದರಷ್ಟು ಒಪ್ಪುವ ಬಟ್ಟೆ ನನಗೆ ಬೇರೆ ಸಿಕ್ಕಿಲ್ಲ.

ಇನ್ನು ಅಟ್ಟದ ಮೇಲೆ ನಿಂತು, ದಾರ ಹಿಡಿದು ಗೊಂಬೆ ಆಡಿಸುವ ನನ್ನ ಹುಡುಗ ಹುಡುಗಿಯರು. ಶಿಶುನಾಳ ಶರೀಫರ ಆಟದಲ್ಲಿ ಕಳಸದ ಗುರು ಗೋವಿಂದ ಭಟ್ಟರು ಶಿಷ್ಯನಿಗೆ ಜನಿವಾರ ಹಾಕುವ ಪ್ರಸಂಗ ನೋಡುವವರಿಗೆ ಅರೆಗಳಿಗೆ. ಆದರೆ ತಲೆ, ಭುಜ, ಕೈಯಿಂದ ದಾರಗಳು ಮೇಲಕ್ಕೆ ಹೋಗಿರುವ ಗೊಂಬೆಗೆ ಕೊರಳಿಗುಂಟ ಇನ್ನೊಂದು ದಾರ ಇಳಿಯುವುದಿಲ್ಲ. ಅದಕ್ಕೇ ನಮ್ಮ ಜನಿವಾರಕ್ಕೆ ಗಂಟಿಲ್ಲ, ಎರಡು ತುದಿಗೂ ಕಾಳಿನಷ್ಟು ಅಯಸ್ಕಾಂತ. ಒಬ್ಬರು ಶರೀಫರನ್ನು ಅರ್ಧ ತಿರುಗಿಸಬೇಕು, ಅದೇ ಉಸಿರಿನಲ್ಲಿ ಇನ್ನೊಬ್ಬರು ಗುರುವಿನ ಕೈ ಇಳಿಸಬೇಕು. ನೈಲಾನ್ ದಾರ ಬೆಳಕಿಗೆ ಹೊಳೆಯುತ್ತದೆ ಅಂತ ಕಪ್ಪು ಹತ್ತಿ ದಾರವನ್ನೇ ಬಳಸುತ್ತೇವೆ, ಅದು ಬೆರಳು ಕೊಯ್ಯುತ್ತದೆ. ಬೆರಳಿಗೆ ಪಟ್ಟಿ ಸುತ್ತಿಕೊಂಡು ತಾಲೀಮಿಗೆ ಬಂದ ಮಕ್ಕಳಿವರು.

ನಮ್ಮ ಕಡೆ ಹಳೆಯ ಆಟವೆಂದರೆ ತೊಗಲುಗೊಂಬೆ. ಆ ಮನೆತನಗಳ ಹಿರಿಯರು ಹಾಡಿನ ಮಟ್ಟು, ಮಾತಿನ ಓಟ ಬಚ್ಚಿಡದೆ ಕಲಿಸಿದರು. 2025ರಲ್ಲಿ ಕೊಪ್ಪಳ ಜಿಲ್ಲೆ ಮೋರನಾಳದ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ ಪದ್ಮಶ್ರೀ ಬಂದಾಗ ನಾವು ಸಜ್ಜಕ ಮಾಡಿ ಓಣಿಗೆಲ್ಲ ಹಂಚಿದೆವು.

ಕೊರೊನಾದಲ್ಲಿ ಆಟ ನಿಂತು, ಬಾಡಿಗೆ ಕಟ್ಟಲಾಗದೆ ತಾಲೀಮು ಮನೆ ಬಿಟ್ಟಾಗ ಧಾರವಾಡದ ಮಾಸ್ತರರೊಬ್ಬರು ತಮ್ಮ ಪಡಸಾಲೆಯನ್ನೇ ಗೊಂಬೆಗಳಿಗೆ ಕೊಟ್ಟರು. ಅವರ ಮನೆಯ ವೈನಿ ಬೇವಿನೆಲೆ ಬದಲಿಸುತ್ತ, ತೊಡಕಾದ ದಾರ ಬಿಡಿಸುತ್ತ ಕಾದರು. ಅವರಿಬ್ಬರಿಗೆ ಕೈಮುಗಿಯುವುದು ಬಿಟ್ಟು ನನಗೆ ಬೇರೆ ತೋಚುವುದಿಲ್ಲ.

ಇನ್ನು ಮುಂದೆ ನಿರ್ದೇಶನ, ಹಾವೇರಿಯ ಶಾಲೆಯಲ್ಲಿ ಆಟ ನೋಡಿ ನಮ್ಮ ಅಟ್ಟ ಹತ್ತಿ ಬಂದ ಹುಡುಗಿಯದು. ಕಿತ್ತೂರು ಚೆನ್ನಮ್ಮನ ಆಟ ಕಟ್ಟುತ್ತಿದ್ದಾಳೆ. ಕುದುರೆಯ ದಾರ ಕಟ್ಟುವ ಕೆಲಸ ನನಗೆ ವಹಿಸಿದ್ದಾಳೆ. ಇಷ್ಟು ವರ್ಷ ನನ್ನ ಆಟಕ್ಕೆ ಬಂದಂಗ ಅಕಿ ಆಟಕ್ಕೂ ಬರ್ರಿ, ಮಕ್ಕಳನ್ನ ಕರಕೊಂಡು ಬರ್ರಿ.